ದೂರದರ್ಶನದ ಮುಖ್ಯಸ್ಥರು ಯಾರ ನೌಕರರು?

ಹಾಸನದ ಸಾಲಗಾಮೆ ರಸ್ತೆಯಲ್ಲಿರುವ ಎಂಸಿಎಫ್‌ನ ದೊಡ್ಡ ಡಿಶ್ ಆಂಟೆನಾಗಳನ್ನು ನೋಡಿದವರಲ್ಲಿ ಅನೇಕರು ದೇಶದ ಟಿವಿ ಕಾರ್ಯಕ್ರಮಗಳೆಲ್ಲ ಅಲ್ಲಿಂದಲೇ ಹೊರಡುತ್ತವೆ ಎಂದು ನಂಬಿದ್ದಾರೆ. ನಾನೂ ಚಿಕ್ಕಂದಿನಲ್ಲಿ ಹಾಗೆಯೇ ತಿಳಿದಿದ್ದೆ. ಇಸ್ರೋ ಸಂಸ್ಥೆಯ ಈ ಪ್ರಧಾನ ನಿಯಂತ್ರಣ ಕೇಂದ್ರ 1982ರಲ್ಲಿ ಆರಂಭವಾಯಿತು. ಭೂಮಿಯಿಂದ ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿರುವ ಇನ್ಸಾಟ್ ಮತ್ತು ಜಿಸ್ಯಾಟ್ ಉಪಗ್ರಹಗಳನ್ನು ಅವುಗಳ ಜಾಗದಲ್ಲಿ ನಿಲ್ಲಿಸಿ ಕಾಯುವುದು ಅದರ ಕೆಲಸ. ಯಾವ ಕಾರ್ಯಕ್ರಮ ಎಷ್ಟು ಗಂಟೆಗೆ ಬರಬೇಕು, ಯಾವ ಸುದ್ದಿ ಮೊದಲು ಬರಬೇಕು, ಕನ್ನಡಕ್ಕೆ ಎಷ್ಟು ಹಣ ಸಲ್ಲಬೇಕು ಎಂಬುದು ಅಲ್ಲಿ ತೀರ್ಮಾನವಾಗುವುದಿಲ್ಲ. ಚಂದನ ವಾಹಿನಿಯ ಸಂಕೇತ ಬೆಂಗಳೂರಿನ ಜೆ.ಸಿ. ನಗರದ ಕೇಂದ್ರದಿಂದ ಮೇಲಕ್ಕೆ ಹೋಗುತ್ತದೆ. ಆ ಕೇಂದ್ರಕ್ಕೆ ಹಣ, ಹುದ್ದೆ ಮತ್ತು ನಿರ್ದೇಶನಗಳು ದೆಹಲಿಯಿಂದ ಬರುತ್ತವೆ. ದೆಹಲಿಯಲ್ಲಿ ದೂರದರ್ಶನದ ಮುಖ್ಯಸ್ಥರ ಕುರ್ಚಿಯ ಮೇಲೆ ಕುಳಿತವರಲ್ಲಿ ಹಲವರು ಆಡಳಿತ ಸೇವೆಯಿಂದ, ಎಂದರೆ ಐಎಎಸ್‌ನಿಂದ, ಬಂದ ಅಧಿಕಾರಿಗಳು.

ಸ್ಪರ್ಧಾತ್ಮಕ ಪರೀಕ್ಷೆಗಳಿಗೆ ಓದುತ್ತಿರುವ ನನ್ನ ಸೋದರ ಸೊಸೆ ಕಳೆದ ಬಾರಿ ಮನೆಗೆ ಬಂದಾಗ ಕೇಳಿದ ಪ್ರಶ್ನೆಯೇ ಈ ಬರಹಕ್ಕೆ ಕಾರಣ. "ಮಾವ, ಭೂಕಂದಾಯ, ಬರ ಪರಿಹಾರ, ಚುನಾವಣೆ ನೋಡಿಕೊಂಡು ಬಂದವರು ಟಿವಿ ವಾಹಿನಿ ನಡೆಸುವುದು ಹೇಗೆ? ಅವರಿಗೆ ಅದು ಗೊತ್ತಿರುತ್ತದೆಯೇ?" ಎಂದು ಆಕೆ ಕೇಳಿದಳು. ಗೊತ್ತಿರುತ್ತದೆಯೇ ಎಂಬುದು ಪ್ರಶ್ನೆಯ ಅರ್ಧ ಭಾಗ ಮಾತ್ರ ಎಂದು ನನಗೆ ಆಗ ಅನ್ನಿಸಿತು. ಗೊತ್ತಿದ್ದವರಿಗೂ ಆ ಕುರ್ಚಿ ಎಷ್ಟು ಕೆಲಸ ಮಾಡಲು ಬಿಡುತ್ತದೆ ಎಂಬುದು ಉಳಿದರ್ಧ, ಮತ್ತು ಹೆಚ್ಚು ಕಷ್ಟದ ಭಾಗ ಅದೇ.

ಮೊದಲು ದಾರಿಯನ್ನು ನೋಡೋಣ. ಐಎಎಸ್‌ಗೆ ಆಯ್ಕೆಯಾದವರು ಮಸ್ಸೂರಿಯ ತರಬೇತಿಯ ಬಳಿಕ ಒಂದು ರಾಜ್ಯದ ಕೇಡರ್‌ಗೆ ಸೇರುತ್ತಾರೆ. ಕರ್ನಾಟಕಕ್ಕೆ ಬಂದರೆ ಸಕಲೇಶಪುರ ಅಥವಾ ತರೀಕೆರೆಯಂಥ ಉಪವಿಭಾಗದಲ್ಲಿ ಎ.ಸಿ. ಆಗಿ ಕೆಲಸ ಕಲಿಯಬಹುದು. ನಂತರ ಜಿಲ್ಲಾ ಪಂಚಾಯಿತಿ, ಜಿಲ್ಲಾಧಿಕಾರಿ ಕಚೇರಿ, ಬಳಿಕ ವಿಧಾನಸೌಧದ ಯಾವುದಾದರೊಂದು ಇಲಾಖೆ. ಕೆಲವು ವರ್ಷಗಳ ಸೇವೆಯ ನಂತರ ಕೇಂದ್ರ ಸರ್ಕಾರಕ್ಕೆ ನಿಯೋಜನೆಯ ಮೇಲೆ ಹೋಗುವ ಅವಕಾಶ ದೊರೆಯುತ್ತದೆ. ನಿಯೋಜನೆ ಎಂದರೆ ಎರವಲು. ಅಧಿಕಾರಿ ಕೆಲವು ವರ್ಷ ಅಲ್ಲಿ ಕೆಲಸ ಮಾಡುತ್ತಾರೆ, ಅವಧಿ ಮುಗಿದಾಗ ತಮ್ಮ ರಾಜ್ಯಕ್ಕೆ ಮರಳುತ್ತಾರೆ. ದೂರದರ್ಶನದ ಮಹಾನಿರ್ದೇಶಕರಾಗಿ ಬಂದ ಐಎಎಸ್ ಅಧಿಕಾರಿಗಳು ಸಾಮಾನ್ಯವಾಗಿ ಹೀಗೆ ಬಂದವರು. ಈ 'ಎರವಲು' ಎಂಬ ಪದವನ್ನು ನೆನಪಿನಲ್ಲಿಟ್ಟುಕೊಳ್ಳಬೇಕು, ಏಕೆಂದರೆ ಮುಂದಿನ ಬಹಳಷ್ಟು ಸಂಗತಿಗಳು ಅದರಿಂದಲೇ ಹುಟ್ಟುತ್ತವೆ.

ಆರಂಭದಲ್ಲಿ ಹೀಗಿರಲಿಲ್ಲ. ಕನ್ನಡ ನಾಡಿನಲ್ಲಿ ಪ್ರಸಾರ ಶುರುವಾದದ್ದೇ ಒಬ್ಬ ಅಧ್ಯಾಪಕರ ಮನೆಯಲ್ಲಿ. ಮನಃಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಎಂ.ವಿ. ಗೋಪಾಲಸ್ವಾಮಿಯವರು 1935ರಲ್ಲಿ ಮೈಸೂರಿನ ತಮ್ಮ ಮನೆಯಲ್ಲಿ 30 ವಾಟ್‌ನ ಪುಟ್ಟ ಪ್ರೇಷಕದಿಂದ ಬಾನುಲಿ ಕೇಂದ್ರ ತೆರೆದರು. ಅದಕ್ಕೆ 'ಆಕಾಶವಾಣಿ' ಎಂಬ ಹೆಸರು ಬಂದದ್ದು ನಾ. ಕಸ್ತೂರಿಯವರಿಂದ ಎಂದು ಹೇಳುತ್ತಾರೆ. ದೆಹಲಿಯಲ್ಲಿ 1959ರ ಸೆಪ್ಟೆಂಬರ್ 15ರಂದು ಪ್ರಾಯೋಗಿಕವಾಗಿ ಶುರುವಾದ ದೂರದರ್ಶನ ಆಕಾಶವಾಣಿಯ ಒಂದು ಅಂಗವಾಗಿಯೇ ಬೆಳೆದು, 1976ರ ಏಪ್ರಿಲ್ 1ರಂದು ಪ್ರತ್ಯೇಕವಾಯಿತು. ಅದರ ಮೊದಲ ಮಹಾನಿರ್ದೇಶಕರಾದ ಪಿ.ವಿ. ಕೃಷ್ಣಮೂರ್ತಿಯವರು ಬಾನುಲಿಯಲ್ಲೇ ಪಳಗಿದವರು. ಅವರು ಅಧಿಕಾರ ವಹಿಸಿಕೊಂಡಾಗ ದೇಶದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಲ್ಲಿ ಅಮೆರಿಕದ ಉಪಗ್ರಹವೊಂದರ ನೆರವಿನಿಂದ ಶೈಕ್ಷಣಿಕ ಟಿವಿ ಪ್ರಯೋಗ ನಡೆಯುತ್ತಿತ್ತು. ನಮ್ಮ ರಾಜ್ಯದಿಂದ ಅದಕ್ಕೆ ಸೇರಿದ್ದು ಆಗಿನ ಗುಲ್ಬರ್ಗ, ರಾಯಚೂರು, ಬಿಜಾಪುರ ಜಿಲ್ಲೆಗಳು. ಮಲೆನಾಡಿಗೆ ಟಿವಿ ಇನ್ನೂ ದೂರದ ಮಾತಾಗಿತ್ತು. 1978ರ ನವೆಂಬರ್‌ನಲ್ಲಿ ಇಂದಿರಾ ಗಾಂಧಿಯವರು ಸ್ಪರ್ಧಿಸಿದ ಉಪಚುನಾವಣೆಯಿಂದಾಗಿ ಇಡೀ ದೇಶ ಚಿಕ್ಕಮಗಳೂರಿನತ್ತ ನೋಡುತ್ತಿದ್ದಾಗ ಬೆಂಗಳೂರಿನಲ್ಲಿಯೇ ದೂರದರ್ಶನ ಇರಲಿಲ್ಲ. ಅದು ಬಂದದ್ದು 1981ರ ನವೆಂಬರ್‌ನಲ್ಲಿ.

ಆಡಳಿತಾಧಿಕಾರಿಗಳ ಕಾಲ ನಿಜವಾಗಿ ಶುರುವಾದದ್ದು ದೂರದರ್ಶನ ಹರಡಿದಾಗ. ಇಲ್ಲಿ ಹಾಸನದ ಕಥೆಯೂ ಸೇರಿಕೊಳ್ಳುತ್ತದೆ. 1982ರ ಏಪ್ರಿಲ್‌ನಲ್ಲಿ ಹಾರಿದ ಇನ್ಸಾಟ್-1ಎ ಉಪಗ್ರಹ ಸೆಪ್ಟೆಂಬರ್ ಹೊತ್ತಿಗೆ ಕೆಟ್ಟುಹೋಯಿತು. 1983ರ ಆಗಸ್ಟ್‌ನಲ್ಲಿ ಹಾರಿದ ಇನ್ಸಾಟ್-1ಬಿ ಉಳಿಯಿತು, ಹಾಸನದ ಎಂಜಿನಿಯರುಗಳ ಕೈಯಲ್ಲಿ ವರ್ಷಗಟ್ಟಲೆ ದುಡಿಯಿತು. ಅದು ಮೇಲಿದ್ದ ಕಾರಣಕ್ಕೆ ಕೆಳಗೆ ಊರೂರಿಗೆ ಮರುಪ್ರಸಾರ ಕೇಂದ್ರಗಳನ್ನು ನಿಲ್ಲಿಸುವುದು ಸಾಧ್ಯವಾಯಿತು. 1984ರಲ್ಲಿ ದಿನಕ್ಕೊಂದರಂತೆ ಅವು ತಲೆ ಎತ್ತಿದವು. ಆಗ ವಾರ್ತಾ ಮತ್ತು ಪ್ರಸಾರ ಸಚಿವಾಲಯದ ಕಾರ್ಯದರ್ಶಿಯಾಗಿದ್ದವರು ಎಸ್.ಎಸ್. ಗಿಲ್ ಎಂಬ ಐಎಎಸ್ ಅಧಿಕಾರಿ. ಮಂಡಲ್ ಆಯೋಗದ ಕಾರ್ಯದರ್ಶಿಯಾಗಿ, ಬಳಿಕ 1982ರ ಏಷ್ಯನ್ ಕ್ರೀಡಾಕೂಟದ ಸಂಘಟನೆಯಲ್ಲಿ ದುಡಿದು ಬಂದವರು. ಜಾಗ ಗುರುತಿಸುವುದು, ಕಟ್ಟಡ ಕಟ್ಟಿಸುವುದು, ವಿದ್ಯುತ್ ಸಂಪರ್ಕ ಕೊಡಿಸುವುದು, ಹಲವು ಇಲಾಖೆಗಳನ್ನು ಒಂದು ದಿನಾಂಕಕ್ಕೆ ಒಟ್ಟುಗೂಡಿಸುವುದು, ಇವೆಲ್ಲ ಜಿಲ್ಲಾಡಳಿತದಲ್ಲಿ ಪಳಗಿದವರಿಗೆ ಒಗ್ಗಿದ ಕೆಲಸಗಳು. ಸೋದರ ಸೊಸೆಯ ಪ್ರಶ್ನೆಗೆ ಇದು ಒಂದು ಉತ್ತರ: ಪ್ರಸಾರ ವ್ಯವಸ್ಥೆಯನ್ನು ಕಟ್ಟುವ ಹಂತದಲ್ಲಿ ಆಡಳಿತದ ಅನುಭವ ನೇರವಾಗಿ ಬಳಕೆಗೆ ಬರುತ್ತದೆ.

ಕಟ್ಟಿ ಮುಗಿದ ಮೇಲೆ ಬೇಕಾಗುವುದು ಬೇರೆ ಬಗೆಯ ತಿಳಿವಳಿಕೆ. ಪಶ್ಚಿಮ ಬಂಗಾಳ ಕೇಡರ್‌ನ 1960ರ ತಂಡದ ಭಾಸ್ಕರ್ ಘೋಷ್ ಅವರು 1986ರಲ್ಲಿ ದೂರದರ್ಶನದ ಮಹಾನಿರ್ದೇಶಕರಾದರು. ದೇಶದಲ್ಲಿ ಬೇರೆ ಟಿವಿಯೇ ಇಲ್ಲದ ಕಾಲ ಅದು. ಭಾನುವಾರ ಬೆಳಗಿನ ಪೌರಾಣಿಕ ಧಾರಾವಾಹಿಗೆ ಬೀದಿಗಳು ಖಾಲಿಯಾಗುತ್ತಿದ್ದದ್ದು ಅವರ ಅವಧಿಯಲ್ಲಿಯೇ. ಒಂದು ಕಚೇರಿಯ ಒಬ್ಬ ಅಧಿಕಾರಿಯ ಸಹಿಯಿಂದ ಕೋಟ್ಯಂತರ ಜನ ಏನು ನೋಡಬೇಕು ಎಂಬುದು ನಿಶ್ಚಯವಾಗುತ್ತಿತ್ತು, ಮತ್ತು ಅದೇ ಕಾರಣಕ್ಕೆ ಆ ಅಧಿಕಾರಿಯ ಮೇಲೆ ಎಲ್ಲ ದಿಕ್ಕಿನಿಂದಲೂ ಒತ್ತಡ ಇರುತ್ತಿತ್ತು. ಘೋಷ್ ಆ ಹುದ್ದೆಯಲ್ಲಿದ್ದದ್ದು ಸುಮಾರು ಎರಡು ವರ್ಷ. 1988ರಲ್ಲಿ ಅವರು ಅಲ್ಲಿಂದ ಹೊರಬಂದರು. ಮುಂದೆ ಅದೇ ಸಚಿವಾಲಯದ ಕಾರ್ಯದರ್ಶಿಯೂ ಆದರು. ಎರಡು ವರ್ಷವೆಂದರೆ ಒಂದು ಕಾಫಿ ಗಿಡ ನೆಟ್ಟು ಮೊದಲ ಫಸಲು ನೋಡುವುದಕ್ಕೂ ಸಾಲದ ಅವಧಿ.

ಈ ಸ್ಥಿತಿಯನ್ನು ಬದಲಿಸಬೇಕೆಂಬ ಯತ್ನ ಅದಕ್ಕೂ ಹಿಂದಿನದು. ತುರ್ತು ಪರಿಸ್ಥಿತಿಯ ಅನುಭವದ ನಂತರ 1977ರಲ್ಲಿ ನೇಮಕವಾದ ಬಿ.ಜಿ. ವರ್ಗೀಸ್ ಅಧ್ಯಕ್ಷತೆಯ ಸಮಿತಿ, ಬಾನುಲಿ ಮತ್ತು ಟಿವಿಗಳನ್ನು ಸರ್ಕಾರದ ಕೈಯಿಂದ ಬಿಡಿಸಿ 'ಆಕಾಶ ಭಾರತಿ' ಎಂಬ ನ್ಯಾಸಕ್ಕೆ ವಹಿಸಬೇಕೆಂದು 1978ರಲ್ಲಿ ಸಲಹೆ ಮಾಡಿತು. ಅದು ಈಡೇರಲಿಲ್ಲ. ಪ್ರಸಾರ ಭಾರತಿ ಕಾಯಿದೆ 1990ರಲ್ಲಿ ಅಂಗೀಕಾರವಾಯಿತಾದರೂ ಜಾರಿಗೆ ಬಂದದ್ದು ಏಳು ವರ್ಷಗಳ ಬಳಿಕ, 1997ರ ಸೆಪ್ಟೆಂಬರ್ 15ರಂದು. ಈ ನಡುವೆ, ಕ್ರಿಕೆಟ್ ಪಂದ್ಯಗಳ ನೇರ ಪ್ರಸಾರದ ಹಕ್ಕಿನ ವಿವಾದವೊಂದರಲ್ಲಿ ಸುಪ್ರೀಂ ಕೋರ್ಟ್ 1995ರ ಫೆಬ್ರವರಿಯಲ್ಲಿ ನೀಡಿದ ತೀರ್ಪು, ಪ್ರಸಾರದ ತರಂಗಗಳು ಸಾರ್ವಜನಿಕ ಆಸ್ತಿ ಎಂದು ಘೋಷಿಸಿತು. ಸರ್ಕಾರದ್ದೂ ಅಲ್ಲ, ಹಣ ಕೊಟ್ಟು ಕೊಂಡವರದ್ದೂ ಅಲ್ಲ ಎಂಬ ಈ ಮಾತೇ 'ಸರ್ಕಾರಿ ಟಿವಿ' ಮತ್ತು 'ಸಾರ್ವಜನಿಕ ಪ್ರಸಾರ ಸಂಸ್ಥೆ' ಎಂಬ ಎರಡು ಹೆಸರುಗಳ ನಡುವಿನ ಅಂತರ.

ಕಾಯಿದೆಯ ಪ್ರಕಾರ ದೂರದರ್ಶನ ಮತ್ತು ಆಕಾಶವಾಣಿಗಳೆರಡೂ ಪ್ರಸಾರ ಭಾರತಿ ನಿಗಮದ ಅಡಿಯಲ್ಲಿ ಬರುತ್ತವೆ. ಮೇಲೆ ಒಂದು ಆಡಳಿತ ಮಂಡಳಿ, ಅದಕ್ಕೆ ಅಧ್ಯಕ್ಷರು, ದಿನನಿತ್ಯದ ಆಡಳಿತಕ್ಕೆ ಕಾರ್ಯನಿರ್ವಾಹಕ ಸದಸ್ಯರು, ಎಂದರೆ ನಾವು ಸಿಇಒ ಎಂದು ಕರೆಯುವವರು, ಅವರ ಕೆಳಗೆ ದೂರದರ್ಶನಕ್ಕೂ ಆಕಾಶವಾಣಿಗೂ ಒಬ್ಬೊಬ್ಬ ಮಹಾನಿರ್ದೇಶಕರು. ಸಿಇಒ ಆಯ್ಕೆಯನ್ನು ಸಚಿವರ ಕೈಗೆ ಬಿಟ್ಟಿಲ್ಲ. ರಾಜ್ಯಸಭೆಯ ಸಭಾಪತಿ, ಭಾರತೀಯ ಪತ್ರಿಕಾ ಮಂಡಳಿಯ ಅಧ್ಯಕ್ಷರು ಮತ್ತು ರಾಷ್ಟ್ರಪತಿಯವರು ಹೆಸರಿಸಿದ ಒಬ್ಬರು ಸೇರಿದ ಸಮಿತಿಯ ಶಿಫಾರಸಿನ ಮೇಲೆ ರಾಷ್ಟ್ರಪತಿಯವರು ನೇಮಿಸುತ್ತಾರೆ. ಅವಧಿ ಐದು ವರ್ಷ ಅಥವಾ 65 ವರ್ಷ ವಯಸ್ಸು, ಯಾವುದು ಮೊದಲೋ ಅದು. ದುರ್ನಡತೆಯ ಆರೋಪದ ಮೇಲೆ ತೆಗೆಯಬೇಕಾದರೆ ಸುಪ್ರೀಂ ಕೋರ್ಟ್ ವಿಚಾರಣೆ ನಡೆಸಿ ವರದಿ ಕೊಡಬೇಕು. ಒಬ್ಬ ಜಿಲ್ಲಾಧಿಕಾರಿಯನ್ನು ರಾತ್ರೋರಾತ್ರಿ ವರ್ಗಾಯಿಸಿದಂತೆ ಸಿಇಒ ಅವರನ್ನು ಕಳಿಸಲಾಗದು ಎಂಬುದು ಕಾಯಿದೆ ಬರೆದವರ ಆಶಯ.

ಆದರೆ ಆ ಬೇಲಿಗೆ ಕಂಡಿ ಇತ್ತು, ಅದು ಮೊದಲ ಸಿಇಒ ಕಾಲದಲ್ಲಿಯೇ ಬಯಲಾಯಿತು. ನಿವೃತ್ತರಾಗಿದ್ದ ಎಸ್.ಎಸ್. ಗಿಲ್ ಅವರನ್ನೇ 1997ರಲ್ಲಿ ಮೊದಲ ಸಿಇಒ ಆಗಿ ನೇಮಿಸಲಾಯಿತು. ಮೂಲ ಕಾಯಿದೆಯಲ್ಲಿದ್ದ 62 ವರ್ಷಗಳ ವಯೋಮಿತಿಯನ್ನು ಆಗ ಸುಗ್ರೀವಾಜ್ಞೆಯ ಮೂಲಕ ತೆಗೆಯಲಾಗಿತ್ತು. ಮರುವರ್ಷ ಸರ್ಕಾರ ಬದಲಾಯಿತು. ಹೊಸ ಸುಗ್ರೀವಾಜ್ಞೆ ಹಳೆಯ ವಯೋಮಿತಿಯನ್ನು ಮರಳಿ ತಂದಿತು. ಗಿಲ್ ಹುದ್ದೆ ಕಳೆದುಕೊಂಡರು. ಯಾವ ವಿಚಾರಣೆಯೂ ಬೇಕಾಗಲಿಲ್ಲ. ವ್ಯಕ್ತಿಯನ್ನು ತೆಗೆಯಲು ಅಡ್ಡಿ ಇದ್ದಾಗ ನಿಯಮವನ್ನೇ ಬದಲಿಸಬಹುದು ಎಂಬುದನ್ನು ಆ ಸಂಸ್ಥೆ ತನ್ನ ಮೊದಲ ವರ್ಷದಲ್ಲಿಯೇ ಕಂಡಿತು. ಗಿಲ್ ಅವರ ನೇಮಕಕ್ಕೂ ನಿಯಮ ಬದಲಿಸಲಾಗಿತ್ತು ಎಂಬುದನ್ನು ಇದರ ಜೊತೆಗೇ ಹೇಳಬೇಕು. ಎರಡೂ ಕಡೆಯವರು ಒಂದೇ ಉಪಾಯ ಬಳಸಿದರು, ಸಂಸ್ಥೆಯ ಘನತೆಗೆ ಎರಡೂ ಸಲ ಪೆಟ್ಟು ಬಿತ್ತು ಎಂಬುದು ನನ್ನ ದೃಢ ಅಭಿಪ್ರಾಯ.

ಹಾಗಾದರೆ ಅವಧಿಯನ್ನು ಭದ್ರಪಡಿಸಿದರೆ ಎಲ್ಲವೂ ಸರಿಹೋಗುತ್ತದೆಯೇ? ಹಣ ಎಲ್ಲಿಂದ ಬರುತ್ತದೆ ಎಂದು ನೋಡಿದರೆ ಉತ್ತರ ಸಿಗುತ್ತದೆ. ಸಿಬ್ಬಂದಿಯ ಸಂಬಳ ಮತ್ತು ಭತ್ಯೆ ಮುಖ್ಯವಾಗಿ ಸಂಸತ್ತು ಮಂಜೂರು ಮಾಡುವ ಅನುದಾನದಿಂದ ಬರುತ್ತದೆ, ಆ ಅನುದಾನ ವಾರ್ತಾ ಮತ್ತು ಪ್ರಸಾರ ಸಚಿವಾಲಯದ ಕೈ ದಾಟಿಯೇ ಬರಬೇಕು. ಹೊಸ ಸ್ಟುಡಿಯೊ, ಹೊಸ ಯಂತ್ರಗಳ ಹಣವೂ ಹಾಗೆಯೇ: 2023ರ ಜನವರಿಯಲ್ಲಿ ಕೇಂದ್ರ ಸಂಪುಟ ಮೂಲಸೌಕರ್ಯಕ್ಕೆಂದು ಒಪ್ಪಿದ ಯೋಜನೆಯ ಮೊತ್ತ ₹2,539.61 ಕೋಟಿ. ನಿಗಮಕ್ಕೆ ಸ್ವಂತ ಆದಾಯ ಇಲ್ಲವೆಂದಲ್ಲ. ಜಾಹೀರಾತು ಇದೆ, ಅದಕ್ಕಿಂತ ಕುತೂಹಲದ್ದು ಡಿಡಿ ಫ್ರೀ ಡಿಶ್. 2004ರ ಡಿಸೆಂಬರ್‌ನಲ್ಲಿ ಶುರುವಾದ ಈ ಸೇವೆಯಲ್ಲಿ ತಮ್ಮ ವಾಹಿನಿ ಸೇರಿಸಲು ಖಾಸಗಿಯವರು ಹರಾಜಿನಲ್ಲಿ ಹಣ ಕಟ್ಟುತ್ತಾರೆ, ನೋಡುಗರು ತಿಂಗಳ ಬಾಡಿಗೆ ಕಟ್ಟುವುದಿಲ್ಲ. ಮೂಡಿಗೆರೆಯ ಎಸ್ಟೇಟ್ ಲೈನ್ ಮನೆಯಿರಲಿ, ಅರಸೀಕೆರೆಯ ಬಯಲಿನ ಹಳ್ಳಿಯಿರಲಿ, ಒಮ್ಮೆ ಡಿಶ್ ಮತ್ತು ಪೆಟ್ಟಿಗೆ ಕೊಂಡರೆ ಸಾಕು. ಈ ಸೇವೆಯನ್ನು ಹೊತ್ತಿರುವ ಜಿಸ್ಯಾಟ್-15 ಉಪಗ್ರಹದ ಲಗಾಮು ಹಾಸನದಲ್ಲಿದೆ ಎಂಬುದನ್ನು ನೆನೆದಾಗ ನನಗೆ ನಿಜಕ್ಕೂ ಹೆಮ್ಮೆಯಾಗುತ್ತದೆ.

ಹಣದ ನಂತರ ಜನ. ದೂರದರ್ಶನದ ಒಂದು ಕೇಂದ್ರದಲ್ಲಿ ಕಾರ್ಯಕ್ರಮ ವಿಭಾಗದವರದು ಒಂದು ಸೇವೆ, ಎಂಜಿನಿಯರುಗಳದು ಇನ್ನೊಂದು, ಸುದ್ದಿ ವಿಭಾಗಕ್ಕೆ ಬರುವವರು ಭಾರತೀಯ ಮಾಹಿತಿ ಸೇವೆಯವರು. ಈ ಕೊನೆಯವರ ವರ್ಗಾವಣೆ ಮತ್ತು ಬಡ್ತಿ ಸಚಿವಾಲಯದ ಕೈಯಲ್ಲಿದೆ. ಹೀಗಾಗಿ ಮಹಾನಿರ್ದೇಶಕರ ಕೋಣೆಗೆ ಬರುವ ಮೂವರು ಹಿರಿಯ ಸಹೋದ್ಯೋಗಿಗಳ ಭವಿಷ್ಯ ಮೂರು ಬೇರೆ ಬೇರೆ ಕಡತಗಳಲ್ಲಿರುತ್ತದೆ. 2007ರ ಅಕ್ಟೋಬರ್ 5ರವರೆಗೆ ನೇಮಕವಾಗಿದ್ದ ನೌಕರರು ನಿವೃತ್ತಿಯವರೆಗೂ ಕೇಂದ್ರ ಸರ್ಕಾರದ ನೌಕರರಾಗಿಯೇ ಉಳಿಯುತ್ತಾರೆಂದು ಕಾಯಿದೆಗೆ ತಿದ್ದುಪಡಿ ಮಾಡಲಾಯಿತು. ಅವರ ಪಿಂಚಣಿಯ ದೃಷ್ಟಿಯಿಂದ ಅದು ನ್ಯಾಯವಾದ ಕ್ರಮವೇ. ಆದರೆ ನಿಗಮ ತನ್ನದೇ ಜನರನ್ನು ನೇಮಿಸಿಕೊಳ್ಳಲು ಕಾಯಿದೆಯಲ್ಲಿ ಹೇಳಿದ್ದ ನೇಮಕಾತಿ ಮಂಡಳಿ ರಚನೆಯಾದದ್ದು 2020ರಲ್ಲಿ, ಕಾಯಿದೆ ಅಂಗೀಕಾರವಾದ ಮೂವತ್ತು ವರ್ಷಗಳ ನಂತರ. ಆ ಮೂವತ್ತು ವರ್ಷಗಳಲ್ಲಿ ನಿವೃತ್ತರಾದ ನಿರ್ಮಾಪಕರು, ಛಾಯಾಗ್ರಾಹಕರು, ಧ್ವನಿ ತಂತ್ರಜ್ಞರು ತಮ್ಮ ಕೈಕೆಲಸವನ್ನು ಯಾರಿಗೆ ಕಲಿಸಿಕೊಟ್ಟು ಹೋಗಬೇಕಿತ್ತು? ಈ ನಷ್ಟವನ್ನು ಯಾವ ಲೆಕ್ಕಪರಿಶೋಧನೆಯೂ ತೋರಿಸುವುದಿಲ್ಲ, ಮತ್ತು ಇದಕ್ಕೆ ಯಾವ ಒಬ್ಬ ಮಹಾನಿರ್ದೇಶಕರನ್ನೂ ಹೊಣೆಯಾಗಿಸಲು ಬರುವುದಿಲ್ಲ.

ಮೂರನೆಯದು ನಿರ್ದೇಶನ. ದೇಶದ ಭದ್ರತೆ, ಸಾರ್ವಜನಿಕ ಶಾಂತಿಯಂಥ ಕಾರಣಗಳಿಗೆ ಇಂಥದನ್ನು ಪ್ರಸಾರ ಮಾಡಬೇಡಿ ಎಂದೋ, ಸಾರ್ವಜನಿಕ ಮಹತ್ವದ ಇಂಥ ವಿಷಯವನ್ನು ಪ್ರಸಾರ ಮಾಡಿ ಎಂದೋ ನಿಗಮಕ್ಕೆ ಹೇಳುವ ಅಧಿಕಾರವನ್ನು ಕಾಯಿದೆಯ 23ನೆಯ ಕಲಂ ಕೇಂದ್ರ ಸರ್ಕಾರಕ್ಕೆ ಕೊಟ್ಟಿದೆ. ಅದರ ಜೊತೆಗೆ ಎರಡು ಒಳ್ಳೆಯ ಕಟ್ಟುಗಳೂ ಇವೆ: ಸರ್ಕಾರದ ನಿರ್ದೇಶನದಂತೆ ಇದನ್ನು ಪ್ರಸಾರ ಮಾಡುತ್ತಿದ್ದೇವೆ ಎಂದು ನಿಗಮ ಬಯಸಿದರೆ ಪ್ರಕಟಿಸಬಹುದು, ಮತ್ತು ನಿರ್ದೇಶನದ ಪ್ರತಿಯನ್ನು ಸಂಸತ್ತಿನ ಎರಡೂ ಸದನಗಳ ಮುಂದಿಡಬೇಕು. ಲಿಖಿತ ನಿರ್ದೇಶನವಾದರೆ ಈ ಕಟ್ಟುಗಳು ಕೆಲಸ ಮಾಡುತ್ತವೆ. ದೂರವಾಣಿಯಲ್ಲಿ ಹೇಳಿದ ಮಾತಿಗೆ ಪ್ರತಿ ಎಲ್ಲಿಂದ ಬರಬೇಕು? ಇದು ದೂರದರ್ಶನದ ತೊಂದರೆ ಮಾತ್ರವಲ್ಲ, ತಾಲ್ಲೂಕು ಕಚೇರಿಯಿಂದ ಸಚಿವಾಲಯದವರೆಗೆ ಎಲ್ಲ ಅಧಿಕಾರಿಗಳ ತೊಂದರೆ. ಮಾಜಿ ಸಂಪುಟ ಕಾರ್ಯದರ್ಶಿ ಟಿ.ಎಸ್.ಆರ್. ಸುಬ್ರಮಣಿಯನ್ ಮತ್ತಿತರರು ಹೂಡಿದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರ ಅಕ್ಟೋಬರ್ 31ರಂದು ಹೇಳಿದ್ದು ಇದನ್ನೇ: ಅಧಿಕಾರಿಗಳು ಬಾಯಿಮಾತಿನ ಆದೇಶದ ಮೇಲೆ ನಡೆಯಬಾರದು, ಅದನ್ನು ಬರಹದಲ್ಲಿ ದಾಖಲಿಸಬೇಕು, ಹುದ್ದೆಗಳಿಗೆ ಕನಿಷ್ಠ ಅವಧಿ ಇರಬೇಕು. ಮರುವರ್ಷ ಐಎಎಸ್ ಕೇಡರ್ ನಿಯಮಗಳಲ್ಲಿ ಕನಿಷ್ಠ ಎರಡು ವರ್ಷ ಎಂದು ಬರೆಯಲಾಯಿತು.

ಎರವಲು ಸೇವೆಯ ಮಾತಿಗೆ ಇಲ್ಲಿ ಮರಳಬೇಕು. ತಮಿಳುನಾಡು ಕೇಡರ್‌ನ 1991ರ ತಂಡದ ಸುಪ್ರಿಯಾ ಸಾಹು ಅವರ ವೃತ್ತಿಜೀವನ ಇದಕ್ಕೆ ಒಳ್ಳೆಯ ಉದಾಹರಣೆ. ನೀಲಗಿರಿಯ ಜಿಲ್ಲಾಧಿಕಾರಿಯಾಗಿದ್ದಾಗ ಅವರು ಒಮ್ಮೆ ಬಳಸಿ ಎಸೆಯುವ ಪ್ಲಾಸ್ಟಿಕ್ ವಿರುದ್ಧ ದೊಡ್ಡ ಚಳವಳಿಯನ್ನೇ ನಡೆಸಿದರು; ಮುಳ್ಳಯ್ಯನಗಿರಿಯ ದಾರಿಯಲ್ಲಿ ಪ್ರವಾಸಿಗರು ಬಿಟ್ಟುಹೋಗುವ ಬಾಟಲಿಗಳನ್ನು ಕಂಡು ನೊಂದ ನಮ್ಮವರಿಗೆ ಆ ಕೆಲಸದ ಬೆಲೆ ಬೇಗ ಅರ್ಥವಾಗುತ್ತದೆ. ಅವರು 2016ರಲ್ಲಿ ದೂರದರ್ಶನದ ಮಹಾನಿರ್ದೇಶಕರಾಗಿ ಬಂದು 2019ರವರೆಗೆ ಇದ್ದರು, ಬಳಿಕ ತಮ್ಮ ರಾಜ್ಯಕ್ಕೆ ಮರಳಿದರು, 2021ರಿಂದ ಅಲ್ಲಿನ ಪರಿಸರ ಮತ್ತು ಅರಣ್ಯ ಇಲಾಖೆಯ ನೇತೃತ್ವ ವಹಿಸಿದರು. ವೃತ್ತಿಯ ಆ ಮೊದಲಿನ ಮತ್ತು ಈಚಿನ ಹಂತಗಳ ನಡುವೆ ಒಂದು ಎಳೆ ಇದೆ, ಅದು ಪರಿಸರದ್ದು. ದೂರದರ್ಶನದ ಮೂರು ವರ್ಷಗಳು ಆ ಎಳೆಯ ನಡುವಿನ ಒಂದು ಅಧ್ಯಾಯ. ಇದರಲ್ಲಿ ಅಧಿಕಾರಿಯ ತಪ್ಪೇನೂ ಇಲ್ಲ. ಸೇವೆಯ ಕಟ್ಟಳೆಯೇ ಹಾಗಿದೆ. ಆದರೆ ಅಧಿಕಾರಿ ಮರಳಿ ಹೋದ ಮೇಲೆ ದೂರದರ್ಶನದಲ್ಲಿ ಅವರ ಕಲಿಕೆಯನ್ನು ಹಿಡಿದಿಟ್ಟುಕೊಳ್ಳುವ ವ್ಯವಸ್ಥೆ ಇದೆಯೇ ಎಂಬುದು ಸಂಸ್ಥೆಗೆ ಕೇಳಬೇಕಾದ ಪ್ರಶ್ನೆ.

ಸಿಇಒ ಹುದ್ದೆಗೆ ಪೂರ್ಣಾವಧಿಗೆ ಬಂದವರ ಅನುಭವವೂ ಗಮನಿಸುವಂಥದು. ಕೇಂದ್ರದ ಸಂಸ್ಕೃತಿ ಕಾರ್ಯದರ್ಶಿಯಾಗಿದ್ದ ಜವಹರ್ ಸರ್ಕಾರ್ 2012ರಲ್ಲಿ ಸಿಇಒ ಆದರು, ಅವಧಿ ಮುಗಿಯುವ ಮೊದಲೇ 2016ರಲ್ಲಿ ಹುದ್ದೆ ಬಿಟ್ಟರು. 2017ರಲ್ಲಿ ಬಂದ ಶಶಿ ಶೇಖರ್ ವೆಂಪತಿ ಸರ್ಕಾರಿ ಸೇವೆಯವರಲ್ಲ, ತಂತ್ರಜ್ಞಾನ ಕ್ಷೇತ್ರದವರು. ಅವರು 2022ರವರೆಗೆ ಐದು ವರ್ಷ ಪೂರೈಸಿದರು. ಆ ವರ್ಷಗಳಲ್ಲಿ ಹಳೆಯ ಭೂ ಪ್ರಸಾರದ ಅನಲಾಗ್ ಪ್ರೇಷಕಗಳನ್ನು ಬಹುತೇಕ ಮುಚ್ಚಲಾಯಿತು. ನಮ್ಮ ಮನೆಗಳ ಹೆಂಚಿನ ಮೇಲೆ ಗಾಳಿಗೆ ತಿರುಗಿ ನಿಲ್ಲುತ್ತಿದ್ದ ಅಲ್ಯೂಮಿನಿಯಂ ಆಂಟೆನಾಗಳ ಕಥೆ ಅಲ್ಲಿಗೆ ಮುಗಿಯಿತು. 2022ರ ನವೆಂಬರ್‌ನಲ್ಲಿ ಮತ್ತೆ ಐಎಎಸ್ ಅಧಿಕಾರಿಯೊಬ್ಬರನ್ನು, ಛತ್ತೀಸ್‌ಗಢ ಕೇಡರ್‌ನ ಗೌರವ್ ದ್ವಿವೇದಿಯವರನ್ನು, ನೇಮಿಸಲಾಯಿತು. ಹೊರಗಿನವರು ಬಂದರೆ ಎಲ್ಲ ಸರಿಹೋಗುತ್ತದೆ ಎಂದಾಗಲಿ, ಐಎಎಸ್‌ನವರಿಗೇ ಮೀಸಲಿಡಬೇಕು ಎಂದಾಗಲಿ ನಾನು ಹೇಳಲಾರೆ. ಯಾರೇ ಬಂದರೂ ಹಣ, ಜನ ಮತ್ತು ನಿರ್ದೇಶನದ ಮೂರು ಗಂಟುಗಳು ಅಲ್ಲೇ ಇರುತ್ತವೆ.

ಇಷ್ಟೆಲ್ಲ ಕಟ್ಟುಗಳ ನಡುವೆಯೂ ಈ ಸಂಸ್ಥೆ ಏಕೆ ಬೇಕು ಎಂಬುದಕ್ಕೆ ನಮ್ಮ ಕಣ್ಣೆದುರೇ ಸಾಕ್ಷಿಗಳಿವೆ. ಕೋವಿಡ್ ಕಾಲದಲ್ಲಿ ಶಾಲೆಗಳು ಮುಚ್ಚಿದ್ದಾಗ 'ಸಂವೇದ' ಪಾಠಗಳು ಚಂದನದಲ್ಲಿ ಬಂದವು; ಮೊಬೈಲ್ ಸಂಕೇತ ಹತ್ತದ ಶೃಂಗೇರಿ, ಕೊಪ್ಪದ ಕಡೆಯ ಮನೆಗಳಿಗೂ ಡಿಶ್ ಮೂಲಕ ಅವು ತಲುಪುವಂತಿದ್ದವು. 2002ರಿಂದ ನಡೆದುಬಂದ 'ಥಟ್ ಅಂತ ಹೇಳಿ' ಕಾರ್ಯಕ್ರಮ ಬಹುಮಾನವಾಗಿ ಪುಸ್ತಕ ಕೊಟ್ಟು ಕನ್ನಡದ ಮನೆಗಳಲ್ಲಿ ಒಂದು ರೂಢಿಯನ್ನೇ ಬೆಳೆಸಿತು. ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರದ ವಿಜ್ಞಾನಿಯೊಬ್ಬರು ಬಿಳಿ ಕಾಂಡಕೊರಕ ಹುಳದ ಬಗ್ಗೆ ಅರ್ಧ ಗಂಟೆ ಸಾವಧಾನವಾಗಿ ಮಾತನಾಡುವ ಕಾರ್ಯಕ್ರಮಕ್ಕೆ ಜಾಹೀರಾತುದಾರರು ಸಾಲುಗಟ್ಟುವುದಿಲ್ಲ, ಆದರೆ ಎರಡು ಎಕರೆ ಅರೇಬಿಕಾ ಇರುವ ಬೆಳೆಗಾರನಿಗೆ ಅದು ವರ್ಷದ ಬದುಕಿನ ಪ್ರಶ್ನೆ. ಇಂಥ ಕಾರ್ಯಕ್ರಮಕ್ಕೆ ಸಮಯ ಮತ್ತು ಹಣ ಕೊಡುವ ತೀರ್ಮಾನವನ್ನು ಸಾರ್ವಜನಿಕ ಪ್ರಸಾರ ಸಂಸ್ಥೆಯ ಮುಖ್ಯಸ್ಥರಲ್ಲದೆ ಇನ್ನಾರೂ ಮಾಡುವುದಿಲ್ಲ.

ಸೋದರ ಸೊಸೆ ಕೊನೆಗೆ ಕೇಳಿದ್ದು, ಆ ಮುಖ್ಯಸ್ಥರು ಸರಿಯಾಗಿ ತೀರ್ಮಾನಿಸದಿದ್ದರೆ ನೋಡುಗರು ಯಾರನ್ನು ಕೇಳಬೇಕು ಎಂದು. ಕಾಯಿದೆ ಅದಕ್ಕೂ ಉತ್ತರ ಬರೆದಿದೆ. ನಿಗಮದ ಕೆಲಸವನ್ನು ಗಮನಿಸಲು ಲೋಕಸಭೆಯ 15 ಮತ್ತು ರಾಜ್ಯಸಭೆಯ 7 ಸದಸ್ಯರ ಒಂದು ಸಮಿತಿ ಇರಬೇಕು. ನೋಡುಗರ ದೂರುಗಳನ್ನು ಕೇಳಿ ಸಲಹೆ ಕೊಡಲು ಒಂದು ಪ್ರಸಾರ ಪರಿಷತ್ತು ಇರಬೇಕು. ಹದಿಮೂರು ಮತ್ತು ಹದಿನಾಲ್ಕನೆಯ ಕಲಂಗಳಲ್ಲಿ ಅವುಗಳ ರಚನೆ ವಿವರವಾಗಿದೆ. ಎರಡೂ ಕಾಗದದಲ್ಲಿಯೇ ಉಳಿದಿವೆ. ಆದ್ದರಿಂದ ಅರಕಲಗೂಡಿನ ನೋಡುಗರೊಬ್ಬರಿಗೆ ಚಂದನದ ಬಗ್ಗೆ ದೂರು ಇದ್ದರೆ, ಅದನ್ನು ಅವರು ಯಾರ ಕೆಲಸದ ಬಗ್ಗೆ ದೂರುತ್ತಿದ್ದಾರೋ ಅವರ ಕಚೇರಿಗೇ ಬರೆದು ಕಳಿಸಬೇಕಾಗಿದೆ.